ಬ್ಯಾಕ್ಟೀರಿಯಾ ಕೋಶವನ್ನು ಅಳತೆಗೆ ಸರಿಯಾಗಿ ಬರೆಯುವುದು ಹೇಗೆ: ಒಳಗಿನಿಂದ ಹೊರಗೆ, ಹಂತ ಹಂತವಾಗಿ

ಪ್ರೊಕ್ಯಾರಿಯೋಟಿಕ್ ಕೋಶದ, ಅಂದರೆ ಬ್ಯಾಕ್ಟೀರಿಯಾದಂಥ ನ್ಯೂಕ್ಲಿಯಸ್ ಇಲ್ಲದ ಕೋಶದ, ಚಿತ್ರವನ್ನು ಜೀವಶಾಸ್ತ್ರ ಓದಿದವರೆಲ್ಲ ಒಮ್ಮೆಯಾದರೂ ಬರೆದಿರುತ್ತಾರೆ. ಗುಳಿಗೆಯಂಥ ಒಂದು ಆಕಾರ, ಅದರ ಸುತ್ತ ಎರಡು ಮೂರು ಗೆರೆ, ಹಿಂದೊಂದು ಬಾಲ, ಮೈತುಂಬ ಕೂದಲು, ನಡುವೆ ಸಿಕ್ಕಾದ ದಾರ, ಅಲ್ಲಲ್ಲಿ ಚುಕ್ಕೆ. ಐದು ನಿಮಿಷದ ಕೆಲಸ. ಹೆಸರುಗಳನ್ನು ಸರಿಯಾಗಿ ಗುರುತಿಸಿದರೆ ಅಂಕವೂ ಸಿಗುತ್ತದೆ. ಆದರೆ ಆ ಚಿತ್ರದಲ್ಲಿ ಯಾವುದರ ಅಳತೆಯೂ ಇನ್ನೊಂದಕ್ಕೆ ಹೊಂದುವುದಿಲ್ಲ. ಜೊತೆಗೆ ನಾವು ಬಾಯಿಪಾಠ ಮಾಡುವುದು ಒಂದು "ಇಲ್ಲ"ಗಳ ಪಟ್ಟಿ: ನ್ಯೂಕ್ಲಿಯಸ್ ಇಲ್ಲ, ಮೈಟೊಕಾಂಡ್ರಿಯಾ ಇಲ್ಲ, ಗಾಲ್ಜಿ ಇಲ್ಲ. ಇಷ್ಟೆಲ್ಲ ಇಲ್ಲದ ಜೀವಿ 350 ಕೋಟಿ ವರ್ಷಗಳಿಂದ ಹೇಗೆ ಬಾಳಿಕೊಂಡು ಬಂದಿದೆ ಎಂಬ ಪ್ರಶ್ನೆ ಮಾತ್ರ ಹಾಗೇ ಉಳಿಯುತ್ತದೆ.

ಇಲ್ಲಿ ಹೇಳುತ್ತಿರುವ ವಿಧಾನದಲ್ಲಿ ಚಿತ್ರವನ್ನು ಸ್ಕೇಲ್ ಹಿಡಿದು, ಒಳಗಿನಿಂದ ಹೊರಗೆ ಬರೆಯುತ್ತೇವೆ. ಪ್ರತಿ ಭಾಗ ಬರೆಯುವ ಮುನ್ನ "ಇದು ಯಾವ ತೊಂದರೆಗೆ ಪರಿಹಾರ?" ಎಂದು ಕೇಳಿಕೊಳ್ಳುತ್ತೇವೆ. ಒಂದು ಮಧ್ಯಾಹ್ನ ಬೇಕಾಗುತ್ತದೆ.

ಹಂತ 1: ಹಾಳೆ, ಪೆನ್, ಅಳತೆ

ಒಂದು ಎ4 ಹಾಳೆ, ಸ್ಕೇಲ್, ಪೆನ್ಸಿಲ್, 0.2 ಮಿ.ಮೀ. ತುದಿಯ ಪೆನ್, 0.8 ಮಿ.ಮೀ. ತುದಿಯ ಪೆನ್, 2 ಮಿ.ಮೀ. ಚುಕ್ಕೆ ಬೀಳುವ ಸ್ಕೆಚ್ ಪೆನ್. ಇಷ್ಟು ಸಾಕು.

ಅಳತೆ ಹೀಗಿರಲಿ: 1 ಮೈಕ್ರೋಮೀಟರ್ ಅಂದರೆ ಹಾಳೆಯ ಮೇಲೆ 10 ಸೆಂ.ಮೀ. ಮಿಲಿಮೀಟರಿನ ಸಾವಿರದ ಒಂದು ಭಾಗ ಒಂದು ಮೈಕ್ರೋಮೀಟರ್. ಮೈಕ್ರೋಮೀಟರಿನ ಸಾವಿರದ ಒಂದು ಭಾಗ ಒಂದು ನ್ಯಾನೋಮೀಟರ್. ಹಾಗಾಗಿ ನಮ್ಮ ಹಾಳೆಯಲ್ಲಿ 10 ನ್ಯಾನೋಮೀಟರ್ ಎಂದರೆ ಸರಿಯಾಗಿ 1 ಮಿ.ಮೀ. ಈ ಒಂದು ಲೆಕ್ಕ ನೆನಪಿಟ್ಟುಕೊಂಡರೆ ಮುಂದಿನದೆಲ್ಲ ಸಲೀಸು. ಹಿಗ್ಗಿಸುವಿಕೆ ಒಂದು ಲಕ್ಷ ಪಟ್ಟು.

ಮಾದರಿಯಾಗಿ ಇ. ಕೋಲಿ ಬ್ಯಾಕ್ಟೀರಿಯಾವನ್ನು ತೆಗೆದುಕೊಳ್ಳೋಣ. ಜಗತ್ತಿನಲ್ಲಿ ಅತಿ ಹೆಚ್ಚು ಅಧ್ಯಯನಕ್ಕೆ ಒಳಗಾದ ಕೋಶ ಇದೇ ಇರಬೇಕು. ಸುಮಾರು 2 ಮೈಕ್ರೋಮೀಟರ್ ಉದ್ದ, 1 ಮೈಕ್ರೋಮೀಟರಿಗೆ ತುಸು ಕಡಿಮೆ ಅಗಲ. ಹಾಳೆಯನ್ನು ಅಡ್ಡಲಾಗಿ ಇಟ್ಟು, ಪೆನ್ಸಿಲಿನಿಂದ 20 ಸೆಂ.ಮೀ. ಉದ್ದ, 10 ಸೆಂ.ಮೀ. ಅಗಲದ, ತುದಿಗಳು ದುಂಡಗಿರುವ ದಂಡದ ಆಕಾರವನ್ನು ಹಗುರವಾಗಿ ಗುರುತು ಮಾಡಿಕೊಳ್ಳಿ. ಸದ್ಯಕ್ಕೆ ಇದು ಗಡಿ ಮಾತ್ರ. ಶಾಯಿ ಹಚ್ಚಬೇಡಿ.

ಹಂತ 2: ಬರೆಯುವ ಮುನ್ನ ಒಂದು ಭಾಗಾಕಾರ

ಕೋಶ ಇಷ್ಟು ಚಿಕ್ಕದೇಕೆ? ಕೋಶಕ್ಕೆ ಆಹಾರ ಬರುವುದು ಮೇಲ್ಮೈಯಿಂದ, ಅದು ಖರ್ಚಾಗುವುದು ಗಾತ್ರದ ಒಳಗೆ. ಗೋಳವೊಂದರ ಮೇಲ್ಮೈಯನ್ನು ಅದರ ಗಾತ್ರದಿಂದ ಭಾಗಿಸಿದರೆ ಸಿಗುವುದು 6 ಭಾಗಿಸು ವ್ಯಾಸ. 1 ಮೈಕ್ರೋಮೀಟರ್ ವ್ಯಾಸದ ಗೋಳಕ್ಕೆ ಈ ಸಂಖ್ಯೆ 6. ಪ್ರಾಣಿಕೋಶದಂತೆ 20 ಮೈಕ್ರೋಮೀಟರ್ ವ್ಯಾಸವಿದ್ದರೆ 0.3. ಅಂದರೆ ಪ್ರತಿ ಹನಿ ಕೋಶದ್ರವ್ಯಕ್ಕೆ ಚಿಕ್ಕ ಕೋಶದಲ್ಲಿ ಇಪ್ಪತ್ತು ಪಟ್ಟು ಹೆಚ್ಚು "ಬಾಗಿಲು".

ಇದರ ಇನ್ನೊಂದು ಮುಖ ವಿಸರಣೆ. ಇಷ್ಟು ಪುಟ್ಟ ಜಾಗದಲ್ಲಿ ಅಣುವೊಂದು ಗೊತ್ತುಗುರಿಯಿಲ್ಲದೆ ತೇಲಾಡಿದರೂ ಸೆಕೆಂಡಿನ ಚಿಕ್ಕ ಭಾಗದಲ್ಲಿ ಈ ತುದಿಯಿಂದ ಆ ತುದಿಗೆ ತಲುಪುತ್ತದೆ. ಸಾಗಿಸುವ ವ್ಯವಸ್ಥೆ, ಕೋಣೆಗಳು, ಕೋಣೆಗಳ ನಡುವಿನ ದಾರಿಗಳು, ಯಾವುವೂ ಬೇಕಿಲ್ಲ. "ಇಲ್ಲ"ಗಳ ಪಟ್ಟಿಯ ಅರ್ಧಕ್ಕೆ ಕಾರಣ ಇಲ್ಲೇ ಸಿಕ್ಕಿತು.

ನಿಯಮಕ್ಕೆ ಹೊರತಾದವೂ ಇವೆ. ಥಯೋಮಾರ್ಗರಿಟಾ ಮ್ಯಾಗ್ನಿಫಿಕಾ ಎಂಬ ಬ್ಯಾಕ್ಟೀರಿಯಾವನ್ನು 2022ರಲ್ಲಿ ವಿವರಿಸಲಾಯಿತು. ಕೆರಿಬಿಯನ್‌ನ ಗ್ವಾಡೆಲೂಪ್ ದ್ವೀಪದ ಕಾಂಡ್ಲಾ ಕಾಡಿನಲ್ಲಿ ಸಿಕ್ಕ ಇದರ ಒಂದೊಂದು ಕೋಶ ಸುಮಾರು 1 ಸೆಂ.ಮೀ. ಉದ್ದ, ಬರಿಗಣ್ಣಿಗೆ ಕಾಣುತ್ತದೆ. ನಮ್ಮ ಅಳತೆಯಲ್ಲಿ ಅದನ್ನು ಬರೆಯಲು ಒಂದು ಕಿಲೋಮೀಟರ್ ಉದ್ದದ ಹಾಳೆ ಬೇಕು. ಆದರೆ ಅದರ ಒಳಗಿನ ಬಹುಭಾಗವನ್ನು ಒಂದು ದೊಡ್ಡ ರಸಧಾನಿ ತುಂಬಿಕೊಂಡಿದೆ, ಜೀವಂತ ಕೋಶದ್ರವ್ಯ ಅಂಚಿನಲ್ಲಿ ತೆಳ್ಳಗೆ ಹರಡಿದೆ. ಭಾಗಾಕಾರದಿಂದ ಅದೂ ತಪ್ಪಿಸಿಕೊಂಡಿಲ್ಲ.

ಹಂತ 3: ಡಿಎನ್‌ಎ, ಅಂದರೆ 160 ಮೀಟರ್ ದಾರ

ಈಗ 0.2 ಮಿ.ಮೀ. ಪೆನ್ ಹಿಡಿಯಿರಿ. ಡಿಎನ್‌ಎ ಎಳೆಯ ದಪ್ಪ 2 ನ್ಯಾನೋಮೀಟರ್, ನಮ್ಮ ಹಾಳೆಯಲ್ಲಿ 0.2 ಮಿ.ಮೀ., ಪೆನ್ನಿನ ತುದಿಯಷ್ಟೇ. ಇ. ಕೋಲಿಯ ಒಂದು ಪ್ರಯೋಗಾಲಯ ತಳಿಯ ಇಡೀ ಜೀನೋಮ್ 1997ರಲ್ಲಿ ಪ್ರಕಟವಾಯಿತು: ಸುಮಾರು 46 ಲಕ್ಷ ಬೇಸ್ ಜೋಡಿ (ಡಿಎನ್‌ಎ ಏಣಿಯ ಮೆಟ್ಟಿಲುಗಳು), 4,300ರ ಆಸುಪಾಸಿನ ಜೀನ್‌ಗಳು, ಎಲ್ಲವೂ ಒಂದೇ ಉಂಗುರದಲ್ಲಿ. ಜೋಡಿಯಿಂದ ಜೋಡಿಗೆ 0.34 ನ್ಯಾನೋಮೀಟರ್. ಗುಣಿಸಿ ನೋಡಿ, ಸುಮಾರು 1.6 ಮಿ.ಮೀ. ಬರುತ್ತದೆ, ಕೋಶದ ಉದ್ದದ 800 ಪಟ್ಟು. ನಮ್ಮ ಅಳತೆಯಲ್ಲಿ 160 ಮೀಟರ್.

ಪೂರ್ತಿ ಬರೆಯಲು ಹೋಗಬೇಡಿ. ಆದರೆ ಸ್ವಲ್ಪ ಹೊತ್ತಾದರೂ ಪ್ರಯತ್ನಿಸಿ. ನಡುಭಾಗದಲ್ಲಿ, ಸುಮಾರು 12 ಸೆಂ.ಮೀ. ಉದ್ದದ ಜಾಗದೊಳಗೆ, ಪೆನ್ ಎತ್ತದೆ ಸುರುಳಿ ಸುರುಳಿಯಾಗಿ ಗೆರೆ ಎಳೆಯುತ್ತ ಹೋಗಿ, ಆರಂಭಿಸಿದ ಬಿಂದುವಿಗೇ ಬಂದು ಸೇರಿಸಿ. ಹತ್ತು ಮೀಟರ್ ಬರೆಯುವುದರೊಳಗೆ ಕೈ ಸೋತು, ಹಾಳೆ ಕಪ್ಪಾಗಿ, ಇಷ್ಟು ಉದ್ದದ ದಾರವನ್ನು ಸಿಕ್ಕಾಗದಂತೆ ಇಡುವುದು ಎಂಥ ಕಷ್ಟ ಎನ್ನುವುದು ಅರ್ಥವಾಗುತ್ತದೆ. ಕೋಶ ಇದನ್ನು ಎರಡು ಉಪಾಯಗಳಿಂದ ಸಾಧಿಸುತ್ತದೆ: ದಾರವನ್ನು ತಿರುಚಿ ತಿರುಚಿ ಅದರ ಮೇಲೆ ಅದೇ ಸುತ್ತಿಕೊಳ್ಳುವಂತೆ ಮಾಡುವುದು, ಮತ್ತು ಎಚ್‌ಯು, ಎಚ್‌-ಎನ್‌ಎಸ್ ಮೊದಲಾದ ಪ್ರೋಟೀನ್‌ಗಳಿಂದ ಬಾಗಿಸಿ ಕಟ್ಟಿಡುವುದು. ಈ ಪ್ರದೇಶಕ್ಕೆ ನ್ಯೂಕ್ಲಿಯಾಯ್ಡ್ ಎಂದು ಹೆಸರು. ಸುತ್ತ ಪೊರೆ ಬರೆಯಬೇಡಿ. ಚುಕ್ಕೆ ಗೆರೆಯೂ ಬೇಡ. ನ್ಯೂಕ್ಲಿಯಾಯ್ಡ್‌ಗೆ ಗಡಿಯೇ ಇಲ್ಲ, ಬದಲಾಗುತ್ತಿರುವ ಒಂದು ದಟ್ಟಣೆ ಅದು.

ಫ್ರೆಂಚ್ ಜೀವಶಾಸ್ತ್ರಜ್ಞ ಎಡೌರ್ಡ್ ಶಾಟನ್ 1925ರಲ್ಲಿ ಪ್ರೊಕ್ಯಾರಿಯೋಟ್ (ನ್ಯೂಕ್ಲಿಯಸ್ ಇಲ್ಲದ ಜೀವಿ), ಯೂಕ್ಯಾರಿಯೋಟ್ (ನ್ಯೂಕ್ಲಿಯಸ್ ಇರುವ ಜೀವಿ) ಎಂಬ ಪದಗಳನ್ನು ಬಳಸಿದ್ದು ನ್ಯೂಕ್ಲಿಯಸ್‌ನ ಲೆಕ್ಕದಲ್ಲೇ. ಗ್ರೀಕ್‌ನಲ್ಲಿ "ಕ್ಯಾರಿಯಾನ್" ಅಂದರೆ ತಿರುಳು. "ಪ್ರೊ" ಅಂದರೆ ಮುಂಚಿನದು. ಹೆಸರು ಎಲ್ಲರ ಬಾಯಲ್ಲಿ ನಿಂತದ್ದು 1962ರಲ್ಲಿ ಸ್ಟಾನಿಯರ್ ಮತ್ತು ವಾನ್ ನೀಲ್ ಬರೆದ ಲೇಖನದ ನಂತರ.

ಪಕ್ಕದಲ್ಲಿ ಒಂದೆರಡು ಚಿಕ್ಕ ಉಂಗುರ ಬರೆಯಿರಿ, ಇವು ಪ್ಲಾಸ್ಮಿಡ್‌ಗಳು. 5,000 ಬೇಸ್ ಜೋಡಿಯ ಪ್ಲಾಸ್ಮಿಡ್ ನಮ್ಮ ಅಳತೆಯಲ್ಲಿ 17 ಸೆಂ.ಮೀ. ದಾರ, ಅದನ್ನೂ ತಿರುಚಿಯೇ ಬರೆಯಿರಿ. ದಿನನಿತ್ಯದ ಬದುಕಿಗೆ ಬೇಕಿಲ್ಲದ, ಆದರೆ ಆಪತ್ತಿಗೆ ಒದಗುವ ಜೀನ್‌ಗಳು ಹೆಚ್ಚಾಗಿ ಇವುಗಳಲ್ಲಿರುತ್ತವೆ. ಆ್ಯಂಟಿಬಯಾಟಿಕ್ ನಿರೋಧಕ ಜೀನ್‌ಗಳು ಒಂದು ಬ್ಯಾಕ್ಟೀರಿಯಾದಿಂದ ಇನ್ನೊಂದಕ್ಕೆ ದಾಟುವುದು ಬಹುಪಾಲು ಈ ಉಂಗುರಗಳ ಮೇಲೇರಿ. ಅಂದಹಾಗೆ, ಎಲ್ಲ ಪ್ರೊಕ್ಯಾರಿಯೋಟ್‌ಗಳ ಡಿಎನ್‌ಎ ಒಂದೇ ಉಂಗುರ ಎಂದು ಬರೆದರೆ ತಪ್ಪಾಗುತ್ತದೆ: ಕಾಲರಾ ತರುವ ವಿಬ್ರಿಯೊಗೆ ಎರಡು ಕ್ರೋಮೋಸೋಮ್, ಸ್ಟ್ರೆಪ್ಟೊಮೈಸಿಸ್‌ನದ್ದು ಉಂಗುರವಲ್ಲದ ನೇರ ಎಳೆ.

ಹಂತ 4: ರೈಬೋಸೋಮ್‌ಗಳನ್ನು ದಾರಕ್ಕೇ ಪೋಣಿಸಿ

ಸ್ಕೆಚ್ ಪೆನ್‌ನಿಂದ 2 ಮಿ.ಮೀ. ಚುಕ್ಕೆ ಇಡಿ. ಅದೇ ರೈಬೋಸೋಮ್, ಪ್ರೋಟೀನ್ ಕಟ್ಟುವ ಯಂತ್ರ, ಸುಮಾರು 20 ನ್ಯಾನೋಮೀಟರ್. ಎಷ್ಟು ಚುಕ್ಕೆ? ವೇಗವಾಗಿ ಬೆಳೆಯುತ್ತಿರುವ ಕೋಶದಲ್ಲಿ ಹತ್ತಾರು ಸಾವಿರ. 20,000 ಎಂದಿಟ್ಟುಕೊಂಡರೂ, ನಾವು ಬರೆಯುತ್ತಿರುವುದು 20 ನ್ಯಾನೋಮೀಟರ್ ದಪ್ಪದ ಒಂದು ಹೋಳು ಎಂದು ಭಾವಿಸಿದರೆ, ಐವತ್ತರಲ್ಲಿ ಒಂದು ಪಾಲು, ಅಂದರೆ 400 ಚುಕ್ಕೆ. ಪಠ್ಯಪುಸ್ತಕದ ಎಂಟು ಹತ್ತು ಚುಕ್ಕೆಗಳಿಗೂ ಇದಕ್ಕೂ ಅಜಗಜಾಂತರ. ಉಳಿದ ಜಾಗವೂ ಖಾಲಿಯಲ್ಲ. ಒಂದು ಕೋಶದಲ್ಲಿ 20ರಿಂದ 40 ಲಕ್ಷ ಪ್ರೋಟೀನ್ ಅಣುಗಳಿರುತ್ತವೆ. ಅವನ್ನು ಪೆನ್ಸಿಲಿನಿಂದ ನವಿರಾಗಿ ಮಸಿ ಬಳಿದು ಸೂಚಿಸಿ ಬಿಡಿ.

ಚುಕ್ಕೆಗಳಲ್ಲಿ ಕೆಲವನ್ನು ನ್ಯೂಕ್ಲಿಯಾಯ್ಡ್‌ನ ಅಂಚಿನಲ್ಲಿ, ಡಿಎನ್‌ಎಯಿಂದ ಹೊರಬರುವ ಪುಟ್ಟ ಎಳೆಯೊಂದರ (ಜೀನ್‌ನ ನಕಲಾದ ಸಂದೇಶವಾಹಕ ಆರ್‌ಎನ್‌ಎ) ಮೇಲೆ ಸಾಲಾಗಿ ಪೋಣಿಸಿ. ಇಡೀ ಚಿತ್ರದಲ್ಲಿ ನನಗೆ ಅತ್ಯಂತ ಇಷ್ಟವಾದ ಭಾಗ ಇದು. ಯೂಕ್ಯಾರಿಯೋಟ್‌ನಲ್ಲಿ ಸಂದೇಶವಾಹಕ ಆರ್‌ಎನ್‌ಎ ನ್ಯೂಕ್ಲಿಯಸ್‌ನೊಳಗೆ ತಯಾರಾಗಿ, ತಿದ್ದುಪಡಿಯಾಗಿ, ರಂಧ್ರದ ಮೂಲಕ ಹೊರಬಂದ ಮೇಲೆಯೇ ರೈಬೋಸೋಮ್ ಅದನ್ನು ಓದಬೇಕು. ಇಲ್ಲಿ ಗೋಡೆಯೇ ಇಲ್ಲವಲ್ಲ! ಆರ್‌ಎನ್‌ಎಯ ಬಾಲ ಇನ್ನೂ ತಯಾರಾಗುತ್ತಿರುವಾಗಲೇ ಅದರ ತಲೆಗೆ ರೈಬೋಸೋಮ್ ಅಂಟಿಕೊಂಡು ಪ್ರೋಟೀನ್ ಕಟ್ಟತೊಡಗುತ್ತದೆ. ಅದರ ಹಿಂದೆ ಇನ್ನೊಂದು, ಮತ್ತೊಂದು. ಎರಡೂ ಯಂತ್ರಗಳ ವೇಗ ಕೂಡ ಹೊಂದುತ್ತದೆ: ಸೆಕೆಂಡಿಗೆ ಆರ್‌ಎನ್‌ಎಯ ಸುಮಾರು 45 ಅಕ್ಷರ ಬರೆಯುವ ಪಾಲಿಮರೇಸ್ ಕಿಣ್ವ, ಸೆಕೆಂಡಿಗೆ ಸುಮಾರು 15 ಅಮೈನೋ ಆಮ್ಲ ಜೋಡಿಸುವ ರೈಬೋಸೋಮ್. ಮೂರು ಅಕ್ಷರಕ್ಕೆ ಒಂದು ಅಮೈನೋ ಆಮ್ಲ, ಲೆಕ್ಕ ಸರಿಹೋಯಿತು. ಹೊಸ ಆಹಾರ ಎದುರಾದ ಕೆಲವೇ ನಿಮಿಷಗಳಲ್ಲಿ ಬ್ಯಾಕ್ಟೀರಿಯಾ ಅದಕ್ಕೆ ಬೇಕಾದ ಕಿಣ್ವ ತಯಾರಿಸಿಕೊಳ್ಳುವುದು ಇದರಿಂದಲೇ. ನ್ಯೂಕ್ಲಿಯಸ್ ಇಲ್ಲದಿರುವುದು ಇಲ್ಲಿ ಲಾಭದ ಬಾಬತ್ತು.

ಇವು 70ಎಸ್ ರೈಬೋಸೋಮ್‌ಗಳು, 50ಎಸ್ ಮತ್ತು 30ಎಸ್ ಎಂಬ ಎರಡು ತುಂಡು ಸೇರಿ ಆದವು. ಐವತ್ತು ಮೂವತ್ತು ಕೂಡಿದರೆ ಎಂಬತ್ತಾಗಬೇಕಲ್ಲವೇ ಎಂದು ಕೇಳುವವರು ಪ್ರತಿ ತರಗತಿಯಲ್ಲೂ ಒಬ್ಬರಿರುತ್ತಾರೆ. "ಎಸ್" ತೂಕದ ಮಾನವಲ್ಲ. ಸೆಂಟ್ರಿಫ್ಯೂಜ್‌ನಲ್ಲಿ ಎಷ್ಟು ಬೇಗ ತಳ ಸೇರುತ್ತದೆ ಎಂಬುದರ ಮಾನ. ಅದು ಆಕಾರವನ್ನೂ ಅವಲಂಬಿಸಿದ್ದರಿಂದ ಕೂಡಿಸಲು ಬರುವುದಿಲ್ಲ. ನಮ್ಮ ಕೋಶದ್ರವ್ಯದ ರೈಬೋಸೋಮ್ 80ಎಸ್. ಈ ವ್ಯತ್ಯಾಸವನ್ನೇ ಬಳಸಿಕೊಂಡು ಸ್ಟ್ರೆಪ್ಟೊಮೈಸಿನ್, ಟೆಟ್ರಾಸೈಕ್ಲಿನ್‌ಗಳು 30ಎಸ್ ತುಂಡನ್ನು, ಎರಿಥ್ರೊಮೈಸಿನ್ 50ಎಸ್ ತುಂಡನ್ನು ಹಿಡಿದು ಬ್ಯಾಕ್ಟೀರಿಯಾದ ಕೆಲಸ ನಿಲ್ಲಿಸುತ್ತವೆ.

ಹಂತ 5: ಕೋಶಪೊರೆ, ಮತ್ತು ಬರೆಯಬಾರದ ಒಂದು ಸುರುಳಿ

0.8 ಮಿ.ಮೀ. ಪೆನ್‌ನಿಂದ ಪೆನ್ಸಿಲ್ ಗಡಿಯ ಒಳಬದಿಗೆ ಒಂದು ಗೆರೆ. ಫಾಸ್ಫೋಲಿಪಿಡ್‌ನ ಎರಡು ಪದರ, ಒಟ್ಟು 8 ನ್ಯಾನೋಮೀಟರ್. ಯೂಕ್ಯಾರಿಯೋಟ್‌ನಲ್ಲಿ ಮೈಟೊಕಾಂಡ್ರಿಯಾ ಮಾಡುವ ಕೆಲಸ ಇಲ್ಲಿ ಈ ಗೆರೆಯ ಮೇಲೆ ನಡೆಯುತ್ತದೆ. ಉಸಿರಾಟದ ಕಿಣ್ವಗಳು ಪ್ರೋಟಾನ್‌ಗಳನ್ನು ಹೊರಗೆ ತಳ್ಳುತ್ತವೆ. ಅವು ಮರಳಿ ನುಗ್ಗುವ ಬಲದಿಂದ ಕೋಶದ ಶಕ್ತಿಯ ನಾಣ್ಯವಾದ ಎಟಿಪಿ ತಯಾರಾಗುತ್ತದೆ. ಪೀಟರ್ ಮಿಚೆಲ್ 1961ರಲ್ಲಿ ಮಂಡಿಸಿದ ಈ ವಿವರಣೆ ಮೈಟೊಕಾಂಡ್ರಿಯಾಕ್ಕೂ ಬ್ಯಾಕ್ಟೀರಿಯಾಕ್ಕೂ ಒಂದೇ.

ಪೊರೆ ಒಳಗೆ ಮಡಚಿ ಸುರುಳಿಯಾದಂತೆ "ಮೀಸೋಸೋಮ್" ಬರೆಯುವ ಅಭ್ಯಾಸವಿದ್ದರೆ ಬಿಟ್ಟುಬಿಡಿ. ಎಲೆಕ್ಟ್ರಾನ್ ಸೂಕ್ಷ್ಮದರ್ಶಕಕ್ಕಾಗಿ ಕೋಶವನ್ನು ರಾಸಾಯನಿಕಗಳಲ್ಲಿ ನೆನೆಸಿದಾಗ ಉಂಟಾಗುತ್ತಿದ್ದ ವಿಕಾರ ಅದು. ಕ್ಷಣಾರ್ಧದಲ್ಲಿ ಹೆಪ್ಪುಗಟ್ಟಿಸಿ ನೋಡುವ ವಿಧಾನ ಬಂದಾಗ ಕಾಣೆಯಾಯಿತು. ಕೆಲವು ಪಠ್ಯಗಳಲ್ಲಿ ಮಾತ್ರ ಇನ್ನೂ ಬದುಕಿದೆ. ನಾನೂ ಅದನ್ನು ಬರೆದು ಅಂಕ ಪಡೆದವನೇ. ಸಯನೋಬ್ಯಾಕ್ಟೀರಿಯಾದ ಒಳಗೆ ಕಾಣುವ ಥೈಲಕಾಯ್ಡ್ ಪೊರೆಗಳು ಬೇರೆ. ಅವು ನಿಜವಾದವು, ದ್ಯುತಿಸಂಶ್ಲೇಷಣೆ ನಡೆಯುವ ಜಾಗ.

ಹಂತ 6: ಭಿತ್ತಿ

ಒಳಗೆ ಅಷ್ಟೊಂದು ಪ್ರೋಟೀನ್, ಲವಣ ತುಂಬಿದ ಮೇಲೆ ನೀರು ಒಳನುಗ್ಗದೆ ಇರುತ್ತದೆಯೇ? ಕೋಶದೊಳಗಿನ ಒತ್ತಡ ವಾತಾವರಣದ ಒತ್ತಡಕ್ಕಿಂತ ಹೆಚ್ಚಿರುತ್ತದೆ, ಕೆಲವು ಜಾತಿಗಳಲ್ಲಿ ಹಲವು ಪಟ್ಟು. ಪೊರೆಯೊಂದೇ ಇದ್ದರೆ ಕೋಶ ಸಿಡಿದುಹೋಗುತ್ತದೆ. ಅದಕ್ಕೇ ಪೆಪ್ಟಿಡೋಗ್ಲೈಕನ್ ಎಂಬ ಬಲೆಯ ಚೀಲ: ಉದ್ದಕ್ಕೆ ಎರಡು ಬಗೆಯ ಸಕ್ಕರೆಗಳು ಒಂದು ಬಿಟ್ಟು ಒಂದರಂತೆ ಜೋಡಿಸಿಕೊಂಡ ಸರ, ಅಡ್ಡಕ್ಕೆ ಅಮೈನೋ ಆಮ್ಲಗಳ ಕೊಂಡಿ. ಇಡೀ ಕೋಶವನ್ನು ಸುತ್ತುವರಿದ ಒಂದೇ ದೈತ್ಯ ಅಣು ಎಂದರೂ ಸರಿ. ಕಣ್ಣೀರಿನಲ್ಲಿರುವ ಲೈಸೊಜೈಮ್ ಉದ್ದದ ಸರವನ್ನು ಕತ್ತರಿಸುತ್ತದೆ, ಪೆನಿಸಿಲಿನ್ ಅಡ್ಡ ಕೊಂಡಿ ಹಾಕುವುದನ್ನು ತಡೆಯುತ್ತದೆ. ಎರಡರಲ್ಲೂ ಕೋಶವನ್ನು ಕೊಲ್ಲುವುದು ಕೊನೆಗೆ ಅದರ ಒಳಗಿನ ಒತ್ತಡವೇ.

ಇ. ಕೋಲಿ ಗ್ರಾಂ ನೆಗೆಟಿವ್, ಅಂದರೆ ತೆಳು ಭಿತ್ತಿಯ ಗುಂಪಿನದು. ಆದ್ದರಿಂದ ಪೊರೆಯ ಹೊರಗೆ ಒಂದು ಮಿಲಿಮೀಟರ್ ಬಿಟ್ಟು, ಅರ್ಧ ಮಿಲಿಮೀಟರಿಗೂ ಮೀರದ ತೆಳು ಗೆರೆಯೊಂದನ್ನು ಎಳೆಯಿರಿ, ಅದೇ ಪೆಪ್ಟಿಡೋಗ್ಲೈಕನ್. ಅದರ ಹೊರಗೆ ಮತ್ತೆ 0.8 ಮಿ.ಮೀ. ಗೆರೆ, ಅದು ಹೊರಪೊರೆ. ಎರಡು ಪೊರೆಗಳ ನಡುವಿನ ಸುಮಾರು 2 ಮಿ.ಮೀ. ಜಾಗ ಪೆರಿಪ್ಲಾಸಂ. ಹೊರಪೊರೆಯ ಹೊರಮೈಯಲ್ಲಿ ಲಿಪೊಪಾಲಿಸ್ಯಾಕರೈಡ್ ಇರುತ್ತದೆ. ಈ ಪೊರೆಯಲ್ಲಿ ಪೋರಿನ್ ಎಂಬ ಪ್ರೋಟೀನ್ ರಂಧ್ರಗಳಿರುತ್ತವೆ. ಅನೇಕ ಆ್ಯಂಟಿಬಯಾಟಿಕ್‌ಗಳು ಒಳಗೆ ಹೋಗಲಾಗದೆ ಸೋಲುವುದು ಇಲ್ಲೇ.

ಹಾಳೆಯ ಮೂಲೆಯಲ್ಲಿ ಹೋಲಿಕೆಗೆ ಗ್ರಾಂ ಪಾಸಿಟಿವ್ ಭಿತ್ತಿಯ ತುಂಡೊಂದನ್ನು ಬರೆಯಿರಿ. ಒಂದೇ ಪೊರೆ, ಅದರ ಮೇಲೆ 2ರಿಂದ 8 ಮಿ.ಮೀ. ದಪ್ಪದ ಪೆಪ್ಟಿಡೋಗ್ಲೈಕನ್ ಪಟ್ಟಿ, ಅದರಲ್ಲಿ ನೆಟ್ಟ ಟೈಕೊಯಿಕ್ ಆಮ್ಲದ ಎಳೆಗಳು. ಎರಡನ್ನೂ ಒಟ್ಟಿಗೆ ನೋಡಿದರೆ ಹ್ಯಾನ್ಸ್ ಕ್ರಿಶ್ಚಿಯನ್ ಗ್ರಾಂ 1884ರಲ್ಲಿ ಪ್ರಕಟಿಸಿದ ಬಣ್ಣದ ಪರೀಕ್ಷೆ ಹೇಗೆ ಕೆಲಸ ಮಾಡುತ್ತದೆಂದು ಹೇಳಿಕೊಡಬೇಕಿಲ್ಲ.

ಪ್ರಯೋಗಾಲಯದ ಸೌಕರ್ಯವಿದ್ದರೆ, ರೋಗ ತರದ ತಳಿಗಳನ್ನು ಬಳಸಿ, ತಿಳಿದವರ ಉಸ್ತುವಾರಿಯಲ್ಲಿ ಮಾಡಿ ನೋಡಿ. ಗಾಜಿನ ಸ್ಲೈಡ್ ಮೇಲೆ ತೆಳುವಾಗಿ ಸವರಿ, ಗಾಳಿಗೆ ಒಣಗಿಸಿ, ಜ್ವಾಲೆಯ ಮೇಲೆ ಎರಡು ಮೂರು ಬಾರಿ ಬೇಗನೆ ಹಾಯಿಸಿ. ಕ್ರಿಸ್ಟಲ್ ವಯಲೆಟ್ ಒಂದು ನಿಮಿಷ, ತೊಳೆಯಿರಿ. ಅಯೋಡಿನ್ ಒಂದು ನಿಮಿಷ, ತೊಳೆಯಿರಿ. ಆಮೇಲೆ ಆಲ್ಕೋಹಾಲ್ ಕೆಲವೇ ಸೆಕೆಂಡು, ಕೂಡಲೇ ನೀರು. ಕೊನೆಗೆ ಸ್ಯಾಫ್ರಾನಿನ್ ಒಂದು ನಿಮಿಷ. ತೊಳೆದು ಒಣಗಿಸಿ, ಎಣ್ಣೆ ಹಾಕಿ 100 ಪಟ್ಟಿನ ಮಸೂರದಲ್ಲಿ ನೋಡಿ. ದಪ್ಪ ಭಿತ್ತಿಯವು ನೇರಳೆ, ತೆಳು ಭಿತ್ತಿಯವು ಗುಲಾಬಿ. ಎಲ್ಲ ಕೆಡುವುದು ಆಲ್ಕೋಹಾಲ್ ಹಂತದಲ್ಲಿ: ಹೆಚ್ಚು ಹೊತ್ತು ಬಿಟ್ಟರೆ ದಪ್ಪ ಭಿತ್ತಿಯವೂ ಬಣ್ಣ ಬಿಡುತ್ತವೆ. ಹಳೆಯ ಕಲ್ಚರ್ ಬಳಸಿದರೂ ಅದೇ ಗತಿ. ಕ್ಷಯದ ಬ್ಯಾಕ್ಟೀರಿಯಾ ಈ ಪರೀಕ್ಷೆಗೆ ಸರಿಯಾಗಿ ಒಗ್ಗುವುದೇ ಇಲ್ಲ, ಅದರ ಭಿತ್ತಿಯಲ್ಲಿ ಮೇಣದಂಥ ಮೈಕೋಲಿಕ್ ಆಮ್ಲ ತುಂಬಿರುತ್ತದೆ. ಮೈಕೊಪ್ಲಾಸ್ಮಾಗಂತೂ ಭಿತ್ತಿಯೇ ಇಲ್ಲ, ಹಾಗಾಗಿ ಪೆನಿಸಿಲಿನ್‌ಗೆ ಅಲ್ಲಿ ಕೆಲಸವೂ ಇಲ್ಲ.

ಹಂತ 7: ಹಾಳೆಯಿಂದ ಆಚೆ ಹೋಗುವ ಬಾಲ

ಕಶಾಂಗದ ದಪ್ಪ ಸುಮಾರು 20 ನ್ಯಾನೋಮೀಟರ್, ಅಂದರೆ 2 ಮಿ.ಮೀ. ಗೆರೆ. ಉದ್ದ 5ರಿಂದ 10 ಮೈಕ್ರೋಮೀಟರ್. ಹಾಳೆಯಲ್ಲಿ ಅರ್ಧ ಮೀಟರಿನಿಂದ ಒಂದು ಮೀಟರ್! ನಾಲ್ಕೈದು ದಾರಗಳನ್ನು ಕತ್ತರಿಸಿ, ಕೋಶದ ಮೈಮೇಲೆ ಬೇರೆ ಬೇರೆ ಕಡೆ ಅಂಟಿಸಿ, ಮೇಜಿನ ಮೇಲೆ ಹರಡಿ ಬಿಡಿ. ಬುಡದಲ್ಲಿ ಅರ್ಧ ಸೆಂಟಿಮೀಟರಿನ ಒಂದು ಚಕ್ರ ಬರೆಯಿರಿ. ಅದು ಮೋಟಾರು. ಚಾವಟಿಯಂತೆ ಬಡಿಯುವ ಯೂಕ್ಯಾರಿಯೋಟ್ ಕಶಾಂಗಕ್ಕೂ ಇದಕ್ಕೂ ಹೆಸರು ಬಿಟ್ಟರೆ ಸಂಬಂಧವಿಲ್ಲ: ಇದು ನಿಜಕ್ಕೂ ತಿರುಗುತ್ತದೆ, ಪ್ರೋಟಾನ್ ಹರಿವಿನ ಬಲದಿಂದ, ಸೆಕೆಂಡಿಗೆ ನೂರರ ಆಸುಪಾಸು ಸುತ್ತು. ಒಂದು ದಿಕ್ಕಿಗೆ ತಿರುಗಿದಾಗ ಬಾಲಗಳೆಲ್ಲ ಜಡೆಯಂತೆ ಹೆಣೆದುಕೊಂಡು ಕೋಶ ಮುಂದೆ ಸಾಗುತ್ತದೆ; ದಿಕ್ಕು ಬದಲಾದರೆ ಜಡೆ ಬಿಚ್ಚಿ ಕೋಶ ಪಲ್ಟಿ ಹೊಡೆಯುತ್ತದೆ, ಹೊಸ ದಿಕ್ಕು ಹಿಡಿಯುತ್ತದೆ.

ಆ ಗಾತ್ರದಲ್ಲಿ ನೀರು ಎಷ್ಟು ಜಿಗುಟು ಎಂದರೆ, ಮೋಟಾರು ನಿಂತ ಮೇಲೆ ಕೋಶ ಜಾರಿಕೊಂಡು ಹೋಗುವ ದೂರ ಒಂದು ಪರಮಾಣುವಿನ ಅಗಲಕ್ಕಿಂತಲೂ ಕಡಿಮೆ.

ಕೂದಲುಗಳು: ಫಿಂಬ್ರಿಯಾ, ಮುಕ್ಕಾಲು ಮಿಲಿಮೀಟರ್ ದಪ್ಪ, ಸುಮಾರು 10 ಸೆಂ.ಮೀ. ಉದ್ದ, ಅಂಟಿಕೊಳ್ಳಲು. ಪೈಲಸ್ ಇನ್ನೂ ಉದ್ದ, ಒಂದೆರಡು ಸಾಕು. ಇನ್ನೊಂದು ಕೋಶವನ್ನು ಹಿಡಿದೆಳೆದು ಪ್ಲಾಸ್ಮಿಡ್ ದಾಟಿಸಲು. ಕ್ಯಾಪ್ಸೂಲ್ ಇದ್ದರೆ ಎಲ್ಲಕ್ಕೂ ಹೊರಗೆ, ಬಣ್ಣದ ಪೆನ್ಸಿಲಿನಲ್ಲಿ ಮಸುಕಾಗಿ. ಫ್ರೆಡ್ರಿಕ್ ಗ್ರಿಫಿತ್ 1928ರಲ್ಲಿ ನ್ಯುಮೋನಿಯಾ ಬ್ಯಾಕ್ಟೀರಿಯಾ ಮೇಲೆ ಮಾಡಿದ ಪ್ರಯೋಗದಲ್ಲಿ ಇಲಿಗಳು ಸತ್ತದ್ದು ಈ ಲೋಳೆಯ ಹೊದಿಕೆ ಇದ್ದ ತಳಿಯಿಂದ. ಹೊದಿಕೆ ಇಲ್ಲದ ತಳಿಯನ್ನು ಇಲಿಯ ರಕ್ಷಣಾಕೋಶಗಳೇ ನುಂಗಿ ಹಾಕಿದವು.

ಹಂತ 8: ಅದೇ ಹಾಳೆಯಲ್ಲಿ ವಿಭಜನೆ

ನಡುಭಾಗದಲ್ಲಿ ಪೆನ್ಸಿಲಿನಿಂದ ಒಂದು ಉಂಗುರ ಸೂಚಿಸಿ. ಎಫ್‌ಟಿಎಸ್‌ಜೆಡ್ ಎಂಬ ಪ್ರೋಟೀನ್ ಇಲ್ಲಿ ಉಂಗುರವಾಗಿ ಸೇರಿ, ಭಿತ್ತಿ ಕಟ್ಟುವ ಕಿಣ್ವಗಳನ್ನು ಕರೆದು ತಂದು, ಕೋಶವನ್ನು ಎರಡಾಗಿಸುತ್ತದೆ. ಅನುಕೂಲವಿದ್ದಾಗ ಇ. ಕೋಲಿ 20 ನಿಮಿಷಕ್ಕೊಮ್ಮೆ ಇಬ್ಭಾಗವಾಗುತ್ತದೆ. ಆದರೆ ಡಿಎನ್‌ಎ ಪೂರ್ತಿ ನಕಲಾಗಲು ಸುಮಾರು 40 ನಿಮಿಷ ಬೇಕು. ಲೆಕ್ಕ ತಪ್ಪಿದಂತೆ ಕಾಣುತ್ತದೆಯಲ್ಲವೇ? ಉತ್ತರ ಸೊಗಸಾಗಿದೆ: ಒಂದು ನಕಲು ಮುಗಿಯುವ ಮೊದಲೇ ಮುಂದಿನದು ಆರಂಭವಾಗಿರುತ್ತದೆ. ಮಗಳು ಹುಟ್ಟುವಾಗಲೇ ಮೊಮ್ಮಗಳಿಗಾಗಿ ನಕಲು ಅರ್ಧ ಆಗಿರುತ್ತದೆ. 20 ನಿಮಿಷದ ವೇಗ ಹತ್ತು ಗಂಟೆ ಹಾಗೇ ನಡೆದರೆ ಒಂದರಿಂದ 107 ಕೋಟಿ. ಆಹಾರ ಮುಗಿಯುತ್ತದಾದ್ದರಿಂದ ಇದು ಬಹಳ ಕಾಲ ಮುಂದುವರಿಯುವುದಿಲ್ಲ.

ಬ್ಯಾಸಿಲಸ್, ಕ್ಲಾಸ್ಟ್ರಿಡಿಯಂಗಳು ಆಹಾರ ಮುಗಿದಾಗ ಒಳಗೇ ಎಂಡೋಸ್ಪೋರ್ ಕಟ್ಟುತ್ತವೆ. ಒಂದು ಕೋಶದಿಂದ ಒಂದೇ ಬೀಜಕ, ಆದ್ದರಿಂದ ಇದು ಸಂತಾನೋತ್ಪತ್ತಿಯಲ್ಲ. ಕುದಿಯುವ ನೀರಿಗೂ ಜಗ್ಗದ ಇವನ್ನು ಕೊಲ್ಲಲು ಆಟೋಕ್ಲೇವ್‌ನಲ್ಲಿ (ಒತ್ತಡದ ಉಗಿಪಾತ್ರೆ) 121 ಡಿಗ್ರಿ ಸೆಲ್ಸಿಯಸ್, ಕನಿಷ್ಠ 15 ನಿಮಿಷ ಇಡಬೇಕಾಗುತ್ತದೆ.

ಹಂತ 9: ಎರಡನೆಯ ಹಾಳೆ ಆರ್ಕಿಯಾಕ್ಕೆ

ಇಲ್ಲಿಯವರೆಗೆ ಬರೆದದ್ದು ಬ್ಯಾಕ್ಟೀರಿಯಾ. ಪ್ರೊಕ್ಯಾರಿಯೋಟ್ ಎಂಬ ಮಾತಿನೊಳಗೆ ಆರ್ಕಿಯಾ ಎಂಬ ಇನ್ನೊಂದು ವಂಶವೂ ಅಡಗಿದೆ. ಕಾರ್ಲ್ ವೋಸ್ ಮತ್ತು ಜಾರ್ಜ್ ಫಾಕ್ಸ್ 1977ರಲ್ಲಿ ರೈಬೋಸೋಮ್‌ನ ಆರ್‌ಎನ್‌ಎಯನ್ನು ಹೋಲಿಸಿ, ಮೀಥೇನ್ ಉತ್ಪಾದಿಸುವ ಕೆಲವು ಸೂಕ್ಷ್ಮಜೀವಿಗಳು ಬ್ಯಾಕ್ಟೀರಿಯಾಗಳೇ ಅಲ್ಲ ಎಂದು ತೋರಿಸಿದರು. ಹೊರನೋಟಕ್ಕೆ ಚಿತ್ರ ಹೆಚ್ಚುಕಡಿಮೆ ಅದೇ. ಪೊರೆಯ ಲಿಪಿಡ್‌ಗಳು ಎಸ್ಟರ್ ಬದಲು ಈಥರ್ ಬಂಧದವು, ಪೆಪ್ಟಿಡೋಗ್ಲೈಕನ್ ಇಲ್ಲ, ಹಲವುಗಳಲ್ಲಿ ಹೊರಗೆ ಪ್ರೋಟೀನ್ ಹೆಂಚುಗಳ ಎಸ್-ಪದರ. ಆದರೆ ಡಿಎನ್‌ಎ ಓದುವ ಯಂತ್ರ ಬ್ಯಾಕ್ಟೀರಿಯಾಕ್ಕಿಂತ ನಮ್ಮದಕ್ಕೇ ಹತ್ತಿರ. ಮೊದಲ ಹಾಳೆಯನ್ನು ಕೆಳಗಿಟ್ಟು ನಕಲು ಮಾಡಿಕೊಂಡು ಈ ವ್ಯತ್ಯಾಸಗಳನ್ನಷ್ಟೇ ಬೇರೆ ಬಣ್ಣದಲ್ಲಿ ತೋರಿಸಿ.

ಹಂತ 10: ಪಕ್ಕದಲ್ಲಿ ಯೂಕ್ಯಾರಿಯೋಟ್

ಇದಕ್ಕೆ ಗೋಡೆ ಬೇಕು. 20 ಮೈಕ್ರೋಮೀಟರಿನ ಪ್ರಾಣಿಕೋಶ ನಮ್ಮ ಅಳತೆಯಲ್ಲಿ 2 ಮೀಟರ್ ಅಗಲದ ವೃತ್ತ. ಸೀಮೆಸುಣ್ಣದಿಂದ ಗೀಚಿ, ನಡುವೆ 60 ಸೆಂ.ಮೀ.ಯ ನ್ಯೂಕ್ಲಿಯಸ್ ಬರೆಯಿರಿ. ಈಗ ಮೈಟೊಕಾಂಡ್ರಿಯಾ ಎಷ್ಟು ದೊಡ್ಡದು? ಅಗಲ ಅರ್ಧದಿಂದ ಒಂದು ಮೈಕ್ರೋಮೀಟರ್, ಉದ್ದ ಒಂದೆರಡು ಅಥವಾ ತುಸು ಹೆಚ್ಚು. ಸ್ಕೇಲ್ ಹಿಡಿದು ನೋಡಿ, ನೀವು ಬರೆದ ಹಾಳೆಯ ಕೋಶದಷ್ಟೇ. ಅದರಲ್ಲೂ ಎರಡು ಪೊರೆ, ಅದರಲ್ಲೂ ಉಂಗುರದ ಡಿಎನ್‌ಎ, ಅದರ ರೈಬೋಸೋಮ್‌ಗಳ ಮೇಲೂ ಕೆಲವು ಆ್ಯಂಟಿಬಯಾಟಿಕ್‌ಗಳ ಪರಿಣಾಮ. ಈ ಹೋಲಿಕೆಗಳನ್ನು ಮುಂದಿಟ್ಟು ಲಿನ್ ಮಾರ್ಗುಲಿಸ್ 1967ರಲ್ಲಿ ವಾದಿಸಿದಂತೆ, ಮೈಟೊಕಾಂಡ್ರಿಯಾ ಒಮ್ಮೆ ಸ್ವತಂತ್ರವಾಗಿದ್ದ ಬ್ಯಾಕ್ಟೀರಿಯಾ. ಹಾಗಾಗಿ ಬೇರೆಯದಾಗಿ ಬರೆಯುವ ಶ್ರಮ ಬೇಡ. ನಿಮ್ಮ ಹಾಳೆಯ ಒಂದು ಪ್ರತಿ ತೆಗೆದು, ಬಾಲ ಮತ್ತು ಕೂದಲು ಕತ್ತರಿಸಿ, ಎರಡು ಪೊರೆಗಳ ನಡುವಿನ ತೆಳು ಗೆರೆಯನ್ನು ಅಳಿಸಿ, ಒಳಪೊರೆಯನ್ನು ನಾಲ್ಕಾರು ಕಡೆ ಒಳಮುಖವಾಗಿ ಮಡಚಿ, 160 ಮೀಟರ್ ದಾರದಲ್ಲಿ ಅರ್ಧ ಮೀಟರಿನಷ್ಟು ಮಾತ್ರ ಉಳಿಸಿ ಗೋಡೆಗೆ ಅಂಟಿಸಿ.